ಹುಟ್ಟು, ಚಳಿ, ಉದುರಿದ ನಕ್ಷತ್ರಗಳು: ಅಮೆರಿಕದ ಸಚಿತ್ರ ಮನೆತನದ ದಾಖಲೆಗಳನ್ನು ಓದುವ ಬಗೆ

ಅಮೆರಿಕದ ಪೆನ್ಸಿಲ್ವೇನಿಯಾದಲ್ಲಿ ರಾಜ್ಯದ ಎಲ್ಲ ಜನನ ಮರಣಗಳನ್ನೂ ಸರ್ಕಾರವೇ ನೋಂದಾಯಿಸುವ ವ್ಯವಸ್ಥೆ ನೆಲೆಗೊಂಡದ್ದು 1906ರಲ್ಲಿ. ಅದಕ್ಕೆ ನೂರು ವರ್ಷಗಳ ಹಿಂದೆ ಅಲ್ಲಿನ ಒಬ್ಬ ಜರ್ಮನ್ ರೈತನ ಮನೆಯಲ್ಲಿ ಮಗು ಹುಟ್ಟಿದರೆ ಆ ಸಂಗತಿ ಚರ್ಚಿನ ಪುಸ್ತಕದಲ್ಲಿ ಒಂದು ಸಾಲಾಗಿ ಸೇರುತ್ತಿತ್ತು, ಅಥವಾ ಮನೆಯವರು ಹಣ ಕೊಟ್ಟು ಬರೆಸಿಕೊಂಡ ಒಂದು ಬಣ್ಣದ ಹಾಳೆಯಲ್ಲಿ ಉಳಿಯುತ್ತಿತ್ತು. ಈ ಟಿಪ್ಪಣಿ ಅಂಥ ಹಾಳೆಗಳಿಂದ ಆರಂಭಿಸಿ, ಒಬ್ಬ ಬಡಗಿಯ ಚಿತ್ರಗಳನ್ನು ಹಾದು, ಅಮೆರಿಕದ ದಕ್ಷಿಣದ ರಾಜ್ಯವಾದ ಜಾರ್ಜಿಯಾದ ಒಂದು ಕೌದಿಯವರೆಗೆ ಹೋಗುತ್ತದೆ. ಕಚೇರಿಗಳು ಯಾರನ್ನು ಬರೆದಿಡಲಿಲ್ಲವೋ ಅವರು ತಮ್ಮನ್ನು ಚಿತ್ರದಲ್ಲಿ ಉಳಿಸಿಕೊಂಡ ಬಗೆ, ಹಾಗೂ ಅಂಥ ಚಿತ್ರದಲ್ಲಿ ತೇದಿ ತಪ್ಪಿದ್ದಾಗಲೂ ವಿವರ ನಿಜವಾಗಿರಬಹುದೆಂಬ ಅಂಶ, ಇವೆರಡನ್ನೂ ಗಮನದಲ್ಲಿಟ್ಟುಕೊಂಡು ಓದಬೇಕೆಂದು ಕೋರುತ್ತೇನೆ.

ಪೆನ್ಸಿಲ್ವೇನಿಯಾದ ಜರ್ಮನ್ ವಲಸಿಗರ ಈ ಕಲೆಗೆ ಇಂದು ‘ಫ್ರಾಕ್ತುರ್’ ಎಂಬ ಹೆಸರಿದೆ. ಇದು ಮೂಲತಃ ಒಂದು ಜರ್ಮನ್ ಅಕ್ಷರಶೈಲಿಯ ಹೆಸರು. ಲ್ಯಾಟಿನ್ನಿನಲ್ಲಿ ‘ಮುರಿದದ್ದು’ ಎಂಬ ಅರ್ಥವುಳ್ಳ ಪದದಿಂದ ಬಂದದ್ದು, ಏಕೆಂದರೆ ಆ ಅಕ್ಷರಗಳ ಬಾಗುಗಳು ಅಲ್ಲಲ್ಲಿ ಮುರಿದಂತೆ ಕಾಣುತ್ತವೆ. 1732ರಲ್ಲಿ ಕೊನ್ರಾಡ್ ಬೈಸೆಲ್ ಸ್ಥಾಪಿಸಿದ ಎಫ್ರಾಟಾ ಎಂಬ ಧಾರ್ಮಿಕ ಆಶ್ರಮದಲ್ಲಿ ಈ ಅಲಂಕೃತ ಬರವಣಿಗೆಯನ್ನು ಸಾಧನೆಯ ಭಾಗವಾಗಿಯೇ ಅಭ್ಯಾಸ ಮಾಡುತ್ತಿದ್ದರು. ಆಶ್ರಮದ ಹೊರಗೆ ಇದನ್ನು ಮನೆಮನೆಗೆ ತಲುಪಿಸಿದವರಲ್ಲಿ ಹಳ್ಳಿಯ ಶಾಲಾ ಮೇಷ್ಟರುಗಳೇ ಮುಖ್ಯರು. ಅವರ ಸಂಬಳ ಅಲ್ಪವಾಗಿತ್ತು, ಕೈಬರಹ ಚೆನ್ನಾಗಿತ್ತು. ಮಗುವಿನ ಹೆಸರು ಬರೆದು ಸುತ್ತಲೂ ಟುಲಿಪ್ ಹೂ, ಹೃದಯ, ಗಿಳಿ, ‘ಡಿಸ್ಟೆಲ್‌ಫಿಂಕ್’ ಎನ್ನುವ ಪುಟ್ಟ ಹಕ್ಕಿ, ರೆಕ್ಕೆಯ ದೇವದೂತರು ಇವುಗಳನ್ನು ಬಿಡಿಸಿಕೊಟ್ಟರೆ ಒಂದಿಷ್ಟು ಕಾಸು ಸಿಗುತ್ತಿತ್ತು. ಅಮೆರಿಕದ ಸ್ವಾತಂತ್ರ್ಯ ಯುದ್ಧದಲ್ಲಿ ಬ್ರಿಟಿಷರ ಪರವಾಗಿ ಹೋರಾಡಲು ಜರ್ಮನಿಯಿಂದ ಬಂದ ಸೈನಿಕ ಫ್ರೀಡ್ರಿಖ್ ಕ್ರೆಬ್ಸ್ ಯುದ್ಧ ಮುಗಿದ ಮೇಲೆ ಅಲ್ಲೇ ನೆಲೆಸಿ, ಶಾಲೆ ನಡೆಸುತ್ತ, ಬಹಳ ಸಂಖ್ಯೆಯಲ್ಲಿ ಇಂಥ ಹಾಳೆಗಳನ್ನು ಬರೆದನು.

ಇವುಗಳಲ್ಲಿ ಹೆಚ್ಚಾಗಿ ಉಳಿದಿರುವುದು ‘ಟೌಫ್‌ಶೈನ್’, ಅಂದರೆ ಜನನ ಮತ್ತು ದೀಕ್ಷಾಸ್ನಾನದ ಪತ್ರ. ಮಗುವಿನ ಹೆಸರು, ತಂದೆಯ ಹೆಸರು, ತಾಯಿಯ ಹೆಸರಿನೊಡನೆ ಆಕೆಯ ತವರು ಮನೆತನದ ಹೆಸರು, ಹುಟ್ಟಿದ ದಿನ, ಎಷ್ಟೋ ಸಲ ಗಂಟೆ ಮತ್ತು ರಾಶಿ, ಊರು, ಕೌಂಟಿ, ದೀಕ್ಷಾಸ್ನಾನ ಮಾಡಿಸಿದ ಪಾದ್ರಿ, ಸಾಕ್ಷಿಗಳಾಗಿ ನಿಂತವರು ಎಂಬ ವಿವರಗಳು ಇದರಲ್ಲಿ ಸಾಮಾನ್ಯವಾಗಿ ಬರುತ್ತವೆ. ಇವುಗಳಲ್ಲಿ ತಾಯಿಯ ತವರಿನ ಹೆಸರಿಗೆ ನಾನು ಹೆಚ್ಚಿನ ಬೆಲೆ ಕೊಡುತ್ತೇನೆ. ಜಮೀನಿನ ಪತ್ರ, ತೆರಿಗೆಯ ಪಟ್ಟಿ ಮುಂತಾದವು ಗಂಡಸರ ಹೆಸರಿನಲ್ಲಿ ಇರುತ್ತಿದ್ದ ಕಾಲದಲ್ಲಿ, ಮದುವೆಯಾದ ಹೆಣ್ಣು ಯಾವ ಮನೆಯಿಂದ ಬಂದವಳೆಂದು ಹೇಳುವ ಏಕೈಕ ಕಾಗದ ಎಷ್ಟೋ ಮನೆತನಗಳಲ್ಲಿ ಈ ಹೂಬಳ್ಳಿಯ ಹಾಳೆಯೇ ಆಗಿದೆ.

ಈ ಪತ್ರವನ್ನು ಗೋಡೆಗೆ ತೂಗುಹಾಕುವ ವಾಡಿಕೆ ಅಷ್ಟಾಗಿ ಇರಲಿಲ್ಲ. ಅದನ್ನು ಮಡಿಸಿ ಬೈಬಲ್ಲಿನೊಳಗೆ ಇಡುತ್ತಿದ್ದರು, ಸುರುಳಿ ಸುತ್ತಿ ಎತ್ತಿಡುತ್ತಿದ್ದರು, ಇಲ್ಲವೇ ಬಟ್ಟೆಯ ಪೆಟ್ಟಿಗೆಯ ಮುಚ್ಚಳದ ಒಳಮೈಗೆ ಅಂಟಿಸುತ್ತಿದ್ದರು. ಬಿಸಿಲು ತಾಗದೆ ಬಣ್ಣ ಉಳಿದದ್ದಕ್ಕೆ ಇದೂ ಒಂದು ಕಾರಣ. ಆದರೆ ಕಾಗದಕ್ಕೆ ಅಪಾಯ ಒಳಗಿನಿಂದಲೇ ಇತ್ತು. ಮಾಚಿಕಾಯಿ ಮತ್ತು ಅನ್ನಭೇದಿಯಿಂದ ಮಾಡಿದ ಮಸಿ ಆಮ್ಲೀಯವಾದದ್ದು. ಅದು ಕಾಲಕ್ರಮದಲ್ಲಿ ಕಂದಿ, ತಾನು ಬರೆದ ಗೆರೆಯ ಉದ್ದಕ್ಕೂ ಕಾಗದವನ್ನು ಸುಟ್ಟಂತೆ ತಿನ್ನುತ್ತದೆ. ತಾಮ್ರದ ಕಿಲುಬಿನಿಂದ ತಯಾರಿಸಿದ ಹಸಿರು ಬಣ್ಣವೂ ಹಾಗೆಯೇ. ಹೂವಿನ ಎಲೆಗಳಿರಬೇಕಾದ ಜಾಗದಲ್ಲಿ ಎಲೆಯ ಆಕಾರದ ತೂತುಗಳಿರುವ ಹಾಳೆಗಳನ್ನು ಕಂಡಾಗ ಇಲಿ ಕಡಿದದ್ದೆಂದು ತಿಳಿಯಬಾರದು.

ಓದುವಾಗ ಇನ್ನೊಂದು ಎಚ್ಚರ ಬೇಕು. ಹಾಳೆಯಲ್ಲಿರುವ ಜನನದ ತೇದಿ ಆ ಹಾಳೆಯನ್ನು ಬರೆದ ತೇದಿಯಲ್ಲ. ಊರಿಗೆ ಬರಹಗಾರ ಬಂದಾಗ ನಾಲ್ಕೈದು ಮಕ್ಕಳ ಪತ್ರಗಳನ್ನು ಒಟ್ಟಿಗೆ ಬರೆಸಿದ ಮನೆಗಳಿವೆ. ಮುಂದೆ ರೆಡಿಂಗ್, ಅಲೆನ್‌ಟೌನ್ ಮುಂತಾದ ಊರುಗಳ ಅಚ್ಚುಕೂಟಗಳು ಖಾಲಿ ಜಾಗ ಬಿಟ್ಟ ನಮೂನೆಗಳನ್ನು ಅಚ್ಚುಮಾಡಿ ಮಾರತೊಡಗಿದ ಮೇಲೆ, ವಯಸ್ಕರಾದವರೂ ತಮ್ಮ ಹುಟ್ಟಿನ ಪತ್ರ ಬರೆಸಿಕೊಳ್ಳುವುದು ಸುಲಭವಾಯಿತು. ಹೀಗಾಗಿ ತಾಯಿಯ ನೆನಪೇ ಎಷ್ಟೋ ಪತ್ರಗಳ ನಿಜವಾದ ಆಕರ.

ಈ ಮನೆಯ ಹಾಳೆಗಳು ಸರ್ಕಾರದ ಕಡತ ಸೇರಿದ ಒಂದು ಸಂದರ್ಭವನ್ನು ಇಲ್ಲಿ ಹೇಳಲೇಬೇಕು. ಸ್ವಾತಂತ್ರ್ಯ ಯುದ್ಧದಲ್ಲಿ ಸೇವೆ ಸಲ್ಲಿಸಿದವರ ಪೈಕಿ, ಸೇವೆ ಮುಗಿಯುವ ಮೊದಲೇ ಮದುವೆಯಾಗಿದ್ದವರ ವಿಧವೆಯರಿಗೆ 1836ರ ಕಾಯಿದೆ ಪಿಂಚಣಿ ನೀಡಿತು. 1838ರ ಕಾಯಿದೆ ಆ ಗಡಿಯನ್ನು 1794ರ ಜನವರಿ 1ಕ್ಕೆ ಮುಂದೂಡಿತು. ಎಪ್ಪತ್ತು ಎಂಬತ್ತರ ವಯಸ್ಸಿನ ಮುದುಕಿಯರು ಅರ್ಧ ಶತಮಾನದ ಹಿಂದಿನ ತಮ್ಮ ಮದುವೆಯನ್ನು ಸಾಬೀತುಪಡಿಸಬೇಕಾಯಿತು. ಮದುವೆ ಮಾಡಿಸಿದ ಪಾದ್ರಿ ತೀರಿಹೋಗಿದ್ದನು, ಚರ್ಚಿನ ಪುಸ್ತಕ ಕಳೆದುಹೋಗಿತ್ತು, ಸಾಕ್ಷಿಗಳು ಉಳಿದಿರಲಿಲ್ಲ. ಆಗ ಬೈಬಲ್ಲಿನಿಂದ ಮನೆತನದ ಪುಟವನ್ನು ಕತ್ತರಿಸಿ, ಬಣ್ಣದ ಕುಟುಂಬಪಟ್ಟಿಯನ್ನೋ ಮಕ್ಕಳ ಜನನಪತ್ರವನ್ನೋ ಜೊತೆಗಿಟ್ಟು ಪಿಂಚಣಿ ಕಚೇರಿಗೆ ಕಳುಹಿಸಿದರು. ಸುಮಾರು 80,000 ಕಡತಗಳಿರುವ ಆ ಪಿಂಚಣಿ ಸಂಗ್ರಹ ಈಗ ವಾಷಿಂಗ್ಟನ್ನಿನ ರಾಷ್ಟ್ರೀಯ ಪತ್ರಾಗಾರದಲ್ಲಿದ್ದು, ಪ್ರಮಾಣಪತ್ರಗಳ ಒಣ ಹಾಳೆಗಳ ನಡುವೆ ಅಲ್ಲಲ್ಲಿ ಹೃದಯ, ಹೂವು, ಹಕ್ಕಿಗಳ ಚಿತ್ರವಿರುವ ಪುಟಗಳು ಸಿಗುತ್ತವೆ. ಮನೆಯ ಏಕೈಕ ನೆನಪನ್ನು ಹರಿದು ಕೊಡದೆ ಹಣ ಸಿಗದೆಂಬ ಸ್ಥಿತಿ ನನಗೆ ನೋವು ತರುತ್ತದೆ. ಹಾಗೆ ಕೊಟ್ಟದ್ದರಿಂದಲೇ ಆ ಪುಟಗಳು ಬೆಂಕಿಗೂ ಗೆದ್ದಲಿಗೂ ಸಿಗದೆ ಉಳಿದವು ಎಂಬುದೂ ನಿಜ. ಮದುವೆಯ ತೇದಿಯೇ ಹಕ್ಕನ್ನು ತೀರ್ಮಾನಿಸುತ್ತಿದ್ದುದರಿಂದ, ಆ ಒಂದು ತೇದಿಯ ಮಸಿ ಮತ್ತು ಕೈಬರಹ ಉಳಿದ ಸಾಲುಗಳಿಗೆ ಹೊಂದುತ್ತದೆಯೇ ಎಂದು ಅಭ್ಯಾಸಿಗಳು ನೋಡಿಕೊಳ್ಳಬೇಕು.

ಮನೆಯಿಂದ ಊರಿಗೆ ಬಂದರೆ, ಅದೇ ಪೆನ್ಸಿಲ್ವೇನಿಯಾದ ಯಾರ್ಕ್ ಪಟ್ಟಣದ ಲೂಯಿಸ್ ಮಿಲ್ಲರ್ ಸಿಗುತ್ತಾನೆ. 1796ರಲ್ಲಿ ಜರ್ಮನ್ ಲುಥೆರನ್ ಶಾಲಾ ಮೇಷ್ಟರ ಮಗನಾಗಿ ಹುಟ್ಟಿ, ಬಡಗಿಯ ಕಸುಬು ಮಾಡುತ್ತ, ತನ್ನ ಊರಿನ ದಿನನಿತ್ಯದ ಬದುಕನ್ನು ಪುಟಗಟ್ಟಲೆ ಚಿತ್ರಿಸಿದವನು ಅವನು. ಅಂಗಡಿಯವರು, ಕುಡುಕರು, ಪಾದ್ರಿಗಳು, ಬೆಂಕಿ ಆರಿಸುವ ಜನ, ಕೆಲಸದಲ್ಲಿ ತೊಡಗಿರುವ ತಾನು, ಎಲ್ಲರೂ ಅವನ ಹಾಳೆಗಳಲ್ಲಿ ಹೆಸರಿನ ಸಮೇತ ಇದ್ದಾರೆ. ಚಿತ್ರದ ಸುತ್ತಲಿನ ಬರಹ ಕೆಲವೆಡೆ ಇಂಗ್ಲಿಷಿನಲ್ಲಿದೆ, ಕೆಲವೆಡೆ ಜರ್ಮನ್‌ನಲ್ಲಿದೆ. ತಾನು ಎಳೆಯ ಮಗುವಾಗಿದ್ದಾಗಿನ ಘಟನೆಗಳನ್ನೂ ಅವನು ದೊಡ್ಡವನಾದ ಮೇಲೆ ಇಸವಿ ಹಾಕಿ ಬಿಡಿಸಿದ್ದಾನೆ, ಆದ್ದರಿಂದ ಟೌಫ್‌ಶೈನ್‌ಗೆ ಹೇಳಿದ ಎಚ್ಚರ ಇಲ್ಲಿಯೂ ಅನ್ವಯಿಸುತ್ತದೆ. ಅವನು ವರ್ಜೀನಿಯಾಕ್ಕೆ ಹೋದಾಗ ಬಿಡಿಸಿದ ಪುಸ್ತಕದಲ್ಲಿ 1853ರ ಒಂದು ದೃಶ್ಯವಿದೆ: ಸ್ಟ್ಯಾಂಟನ್ ಪಟ್ಟಣದಿಂದ ಟೆನೆಸ್ಸಿಗೆ ಮಾರಾಟವಾದ ಗುಲಾಮ ಗಂಡಸರು, ಹೆಂಗಸರು, ಮಕ್ಕಳು ಕಾಲ್ನಡಿಗೆಯಲ್ಲಿ ಸಾಗುತ್ತಿದ್ದಾರೆ, ವ್ಯಾಪಾರಿಗಳು ಕುದುರೆಯ ಮೇಲಿದ್ದಾರೆ. ತನ್ನೂರಿನ ಪ್ರತಿಯೊಬ್ಬರ ಹೆಸರು ಬಲ್ಲ ಮಿಲ್ಲರ್‌ಗೆ ಇವರ ಹೆಸರುಗಳು ಗೊತ್ತಿರಲಿಲ್ಲ.

ಆ ಬದುಕನ್ನು ಒಳಗಿನಿಂದ ಬಲ್ಲವಳು ಹ್ಯಾರಿಯೆಟ್ ಪವರ್ಸ್. 1837ರಲ್ಲಿ ಜಾರ್ಜಿಯಾದ ಅಥೆನ್ಸ್ ಪಟ್ಟಣದ ಬಳಿ ಗುಲಾಮಳಾಗಿ ಹುಟ್ಟಿ, ಅಂತರ್ಯುದ್ಧದ ನಂತರ ಸ್ವತಂತ್ರಳಾಗಿ, ಗಂಡನೊಡನೆ ಬೇಸಾಯ ಮಾಡಿದವಳು. ಅವಳ ಎರಡು ಕೌದಿಗಳು ಉಳಿದಿವೆ. ಬಟ್ಟೆಯ ತುಂಡುಗಳನ್ನು ಮನುಷ್ಯರ, ಪ್ರಾಣಿಗಳ, ನಕ್ಷತ್ರಗಳ ಆಕಾರಕ್ಕೆ ಕತ್ತರಿಸಿ, ಹಾಸಿನ ಮೇಲಿಟ್ಟು ಹೊಲಿದ ಚಿತ್ರಗಳು ಅವು. ಮೊದಲನೆಯದರಲ್ಲಿ ಬೈಬಲ್ ಕಥೆಗಳಿವೆ. ಬಾಸ್ಟನ್ನಿನ ಲಲಿತಕಲೆಗಳ ವಸ್ತುಸಂಗ್ರಹಾಲಯದಲ್ಲಿರುವ ಎರಡನೆಯದು 1895ರಿಂದ 1898ರ ನಡುವಿನದು; ಅದರ 15 ಅಂಕಣಗಳಲ್ಲಿ ಬೈಬಲ್ಲಿನ ಜೊತೆಗೆ ಜನರ ಬಾಯಲ್ಲಿ ಉಳಿದಿದ್ದ ಇತಿಹಾಸವೂ ಸೇರಿದೆ. 1780ರ ಮೇ 19ರಂದು ನ್ಯೂ ಇಂಗ್ಲೆಂಡ್ ಪ್ರದೇಶದಲ್ಲಿ ಹಗಲೇ ಕತ್ತಲಾದದ್ದು ಒಂದು ಅಂಕಣ; ದೂರದ ಕಾಳ್ಗಿಚ್ಚಿನ ಹೊಗೆ ಅದಕ್ಕೆ ಕಾರಣವೆಂದು ಈಗ ತಿಳಿಯಲಾಗಿದೆ. ಜಾರ್ಜಿಯಾದಿಂದ ವರ್ಜೀನಿಯಾಕ್ಕೆ 500 ಮೈಲಿ ಓಡಿತೆನ್ನುವ ಬೆಟ್ಸ್ ಎಂಬ ಹೆಣ್ಣುಹಂದಿಗೂ ಒಂದು ಚಿತ್ರದಲ್ಲಿ ಜಾಗವಿದೆ.

1833ರ ನವೆಂಬರ್ 13ರ ಉಲ್ಕಾವೃಷ್ಟಿಯ ಅಂಕಣ ಇನ್ನೊಂದು ದಾಖಲೆಯನ್ನು ನೆನಪಿಗೆ ತರುತ್ತದೆ. ಅಮೆರಿಕದ ಮೂಲನಿವಾಸಿಗಳಾದ ಲಕೋಟಾ, ಡಕೋಟಾ ಜನ ಮೊದಲ ಹಿಮದಿಂದ ಮುಂದಿನ ಮೊದಲ ಹಿಮದವರೆಗಿನ ಕಾಲವನ್ನು ಒಂದು ವರ್ಷವೆಂದು ಎಣಿಸಿ, ಆ ವರ್ಷಕ್ಕೆ ಒಂದೇ ಘಟನೆಯನ್ನು ಆರಿಸಿ, ಬೈಸನ್ ಚರ್ಮದ ಮೇಲೆ ಅದರ ಚಿತ್ರ ಬರೆದು, ಅದರಿಂದಲೇ ವರ್ಷವನ್ನು ಹೆಸರಿಸುತ್ತಿದ್ದರು. ‘ಧಾತು ಈಶ್ವರದ ಬರ’ ಎಂದು ಸಂವತ್ಸರದ ಹೆಸರಿನಿಂದಲೇ 1876–78ರ ಕ್ಷಾಮವನ್ನು ನೆನೆಯುತ್ತಿದ್ದ ನಮ್ಮ ಹಿರಿಯರ ಮಾತು ಬಲ್ಲವರಿಗೆ ಈ ಕ್ರಮ ಅಪರಿಚಿತವೆನಿಸದು. 1800ರಿಂದ 1871ರವರೆಗಿನ ‘ಲೋನ್ ಡಾಗ್’ ಎಂಬಾತನ ಎಣಿಕೆಯಲ್ಲಿಯೂ, ಬೇರೆ ಗುಂಪುಗಳ ಎಣಿಕೆಗಳಲ್ಲಿಯೂ, ನಕ್ಷತ್ರಗಳು ಉದುರಿದ ಚಳಿಗಾಲ ಬರುತ್ತದೆ. ಇಸವಿಗಳಿಲ್ಲದ ಆ ಚಿತ್ರಸಾಲುಗಳನ್ನು ಕ್ರಿಸ್ತಶಕಕ್ಕೆ ಹೊಂದಿಸಲು ವಿದ್ವಾಂಸರಿಗೆ ಆಧಾರವಾದದ್ದು ಆ ಒಂದು ರಾತ್ರಿ. ಪವರ್ಸ್ ಆ ರಾತ್ರಿಯ ನಾಲ್ಕು ವರ್ಷಗಳ ನಂತರ ಹುಟ್ಟಿದವಳು. ಅವಳ ಅಂಕಣದಲ್ಲಿರುವುದು ಹಿರಿಯರಿಂದ ಕೇಳಿದ ಭಯ.

ಅವಳೇ ಬದುಕಿ ಕಂಡ ಕಾಲದ ಅಂಕಣವೆಂದರೆ ಕೊರೆಯುವ ಚಳಿಯದು. ಕೌದಿಯೊಡನೆ ಉಳಿದು ಬಂದ ವಿವರಣೆ ಅದನ್ನು 1895ರ ಫೆಬ್ರವರಿ 10ರ ‘ಚಳಿಯ ಗುರುವಾರ’ ಎಂದು ಕರೆಯುತ್ತದೆ. ಪ್ರಾರ್ಥನೆ ಮಾಡುತ್ತಲೇ ಹೆಪ್ಪುಗಟ್ಟಿದ ಹೆಂಗಸು, ಹಿಟ್ಟಿನ ಚೀಲ ಹೊತ್ತಲ್ಲೇ ಸತ್ತ ಗಂಡಸು, ಹೇಸರಗತ್ತೆಯ ಉಸಿರಿನಿಂದ ಮೂಡಿದ ಹಿಮದ ಸರಳುಗಳು, ಸತ್ತುಹೋದ ನೀಲಿಹಕ್ಕಿಗಳು ಅದರಲ್ಲಿವೆ. ಪಂಚಾಂಗ ಲೆಕ್ಕ ಹಾಕಿದರೆ 1895ರ ಫೆಬ್ರವರಿ 10 ಭಾನುವಾರವಾಗುತ್ತದೆ. ಗುರುವಾರ ಬಿದ್ದದ್ದು 7 ಮತ್ತು 14ನೆಯ ತೇದಿಗಳಂದು. ಇಷ್ಟಕ್ಕೇ ದಾಖಲೆಯನ್ನು ತಳ್ಳಿಹಾಕುವ ಆತುರ ಬೇಡ. ಆ ತಿಂಗಳ ಅತಿಶೀತ ಅಮೆರಿಕದ ದಕ್ಷಿಣ ಭಾಗವನ್ನು ಆವರಿಸಿತ್ತೆಂಬುದೂ, ಅದರಿಂದ ಅಲ್ಲಿ ಚಳಿಗಾಲ ಕಳೆಯುತ್ತಿದ್ದ ನೀಲಿಹಕ್ಕಿಗಳು ಅಪಾರ ಸಂಖ್ಯೆಯಲ್ಲಿ ಸತ್ತವೆಂಬುದೂ ಪಕ್ಷಿತಜ್ಞರ ಬರಹಗಳಿಂದ ಬೇರೆಯಾಗಿಯೇ ತಿಳಿದುಬಂದಿದೆ. ವಾರ ಮತ್ತು ತೇದಿ ಹೊಂದುವುದಿಲ್ಲ, ಹಕ್ಕಿಗಳು ಹೊಂದುತ್ತವೆ.

ಪವರ್ಸ್‌ಳ ಕೌದಿಗಳ ಅಂಕಣಗಳ ಅರ್ಥ ನಮಗೆ ತಿಳಿದಿರುವುದು ಯಾರೋ ಕೇಳಿ ಬರೆದುಕೊಂಡದ್ದರಿಂದ. ಅಥೆನ್ಸಿನ ಚಿತ್ರಕಲಾ ಶಿಕ್ಷಕಿ ಜೆನ್ನಿ ಸ್ಮಿತ್ 1886ರಲ್ಲಿ ಒಂದು ಮೇಳದಲ್ಲಿ ಮೊದಲ ಕೌದಿಯನ್ನು ಕಂಡು ಕೊಳ್ಳಬಯಸಿದಾಗ ಪವರ್ಸ್ ಒಪ್ಪಲಿಲ್ಲ. ಸುಮಾರು ಐದು ವರ್ಷಗಳ ನಂತರ ಕಷ್ಟಕಾಲ ಬಂದು, ಹತ್ತು ಡಾಲರ್ ಕೇಳಿ, ಐದು ಡಾಲರಿಗೆ ಕೊಟ್ಟಳು. ಕೊಡುವಾಗ ಪ್ರತಿ ಅಂಕಣದಲ್ಲಿ ಏನಿದೆಯೆಂದು ವಿವರಿಸಿದಳು, ಸ್ಮಿತ್ ಅದನ್ನು ಬರೆದಿಟ್ಟಳು. ಆ ಕೌದಿ ಈಗ ವಾಷಿಂಗ್ಟನ್ನಿನ ಸ್ಮಿತ್‌ಸೋನಿಯನ್ ಸಂಸ್ಥೆಯಲ್ಲಿದೆ. ಮಾರಿದ ಮೇಲೆಯೂ ಪವರ್ಸ್ ಅದನ್ನು ನೋಡಲೆಂದೇ ಸ್ಮಿತ್‌ಳ ಮನೆಗೆ ಹಲವು ಸಲ ಬಂದಿದ್ದಳು.