ಅರಣ್ಯ ಸಿಬ್ಬಂದಿ ಹೊಡೆದರೆ ಯಾರ ಮುಂದೆ ಹೇಳಬೇಕು?

ಪ್ರಶ್ನೆ: ನಮ್ಮೂರು ಗದಗ ಜಿಲ್ಲೆಯ ಕಪ್ಪತಗುಡ್ಡದ ಮಗ್ಗುಲಲ್ಲಿದೆ. ಕಟ್ಟಿಗೆ ಸಾಗಿಸಿದ ಆರೋಪದ ಮೇಲೆ ಅರಣ್ಯ ಸಿಬ್ಬಂದಿ ತಮ್ಮನನ್ನು ಹಿಡಿದು, ಹೊಡೆದು, ಹಾಳೆಗಳ ಮೇಲೆ ಸಹಿ ಹಾಕಿಸಿಕೊಂಡಿದ್ದಾರೆ. ಟ್ರ್ಯಾಕ್ಟರನ್ನೂ ಬಿಡುತ್ತಿಲ್ಲ. ಏನು ಮಾಡಬೇಕು?

ಉತ್ತರ: ತಮ್ಮನ ಮೇಲಿನ ಕೇಸು, ಹೊಡೆತದ ದೂರು, ಟ್ರ್ಯಾಕ್ಟರ್ – ಮೂರೂ ಬೇರೆ ಬೇರೆ ಕಡೆ ನಡೆಯುತ್ತವೆ. ಅವಸರ ಇರುವುದು ಹೊಡೆತದ ವಿಷಯಕ್ಕೆ, ಏಕೆಂದರೆ ಗಾಯ ಮಾಯುತ್ತದೆ.

ಬಂಧಿಸಿದರೆ, ಪ್ರಯಾಣದ ಸಮಯ ಬಿಟ್ಟು, 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟ್ ಮುಂದೆ ಹಾಜರುಪಡಿಸಲೇಬೇಕು. ಅಲ್ಲಿ 'ಯಾರಾದರೂ ಹೊಡೆದರಾ?' ಎಂದು ಕೇಳುತ್ತಾರೆ. ಕರೆತಂದವರು ಪಕ್ಕದಲ್ಲೇ ನಿಂತಿರುವುದರಿಂದ ಹೆಚ್ಚಿನವರು 'ಇಲ್ಲ ಸಾಹೇಬ್ರ' ಎಂದುಬಿಡುತ್ತಾರೆ. ಅದು ಕಡತಕ್ಕೆ ಏರಿತೆಂದರೆ ಮುಂದಿನ ಪ್ರತಿ ದೂರಿಗೂ ಅದೇ ಅಡ್ಡಗಾಲು. ಹೊಡೆದದ್ದು ನಿಜವಾದರೆ ಅಲ್ಲೇ ಹೇಳಿ, ಗಾಯ ತೋರಿಸಿ, ವೈದ್ಯಕೀಯ ಪರೀಕ್ಷೆ ಕೇಳಬೇಕು. ಬಿಟ್ಟು ಕಳಿಸಿದ್ದರೆ ಅದೇ ದಿನ ಸರ್ಕಾರಿ ಆಸ್ಪತ್ರೆಗೆ ಹೋಗಿ ಎಂಎಲ್‌ಸಿ (ಹೊಡೆತದ ಗಾಯವನ್ನು ವೈದ್ಯರು ಕಾನೂನು ಪ್ರಕರಣವಾಗಿ ಬರೆದಿಡುವ ದಾಖಲೆ) ಮಾಡಿಸಿ. ಗಾಯ ಹೇಗಾಯಿತು ಎಂಬಲ್ಲಿ ಹೆದರಿ 'ಬಿದ್ದದ್ದು' ಎಂದು ಬರೆಸಿದರೆ ಆ ಚೀಟಿ ನಿಮ್ಮ ವಿರುದ್ಧವೇ ನಿಲ್ಲುತ್ತದೆ.

ಸಹಿಯ ವಿಷಯ ಹಗುರವಾಗಿ ಬಿಡಬೇಡಿ. ಪೊಲೀಸರ ಮುಂದಿನ ತಪ್ಪೊಪ್ಪಿಗೆ ಸಾಕ್ಷ್ಯವಾಗದು. ಅರಣ್ಯಾಧಿಕಾರಿಗಳನ್ನು ಮಾತ್ರ ನ್ಯಾಯಾಲಯಗಳು ಸಾಮಾನ್ಯವಾಗಿ ಪೊಲೀಸರೆಂದು ಪರಿಗಣಿಸುವುದಿಲ್ಲ. ಹೀಗಾಗಿ ಆ ಹಾಳೆ ತಮ್ಮನ ವಿರುದ್ಧ ಬರಬಹುದು. ಬೆದರಿಕೆ, ಆಮಿಷ, ಒತ್ತಾಯದಿಂದ ಪಡೆದ ತಪ್ಪೊಪ್ಪಿಗೆ ನಿಲ್ಲದು (ಭಾರತೀಯ ಸಾಕ್ಷ್ಯ ಅಧಿನಿಯಮ, ಕಲಂ 22). ಆದರೆ ಒತ್ತಾಯವಾಗಿತ್ತು ಎಂಬುದನ್ನು ಮೊದಲ ಅವಕಾಶದಲ್ಲೇ ವಕೀಲರ ಮೂಲಕ ಲಿಖಿತವಾಗಿ ಹೇಳಿ. ವಿಚಾರಣೆ ಶುರುವಾದ ಮೇಲೆ ಹೇಳಿದರೆ ಅಷ್ಟು ತೂಕ ಇರುವುದಿಲ್ಲ.

ದೂರು ಕೊಡುವುದು ಪೊಲೀಸ್ ಠಾಣೆಗೆ, ಆರ್‌ಎಫ್‌ಒ (ವಲಯ ಅರಣ್ಯಾಧಿಕಾರಿ) ಕಚೇರಿಗಲ್ಲ. ತಪ್ಪೊಪ್ಪಿಗೆಗಾಗಿ ಹೊಡೆಯುವುದು ಭಾರತೀಯ ನ್ಯಾಯ ಸಂಹಿತೆಯ ಕಲಂ 120ರ ಅಪರಾಧ; 7 ವರ್ಷದವರೆಗೆ ಶಿಕ್ಷೆ ಇದೆ. ಠಾಣೆಯಲ್ಲಿ ತೆಗೆದುಕೊಳ್ಳದಿದ್ದರೆ ಎಸ್‌ಪಿಗೆ ಸ್ಪೀಡ್ ಪೋಸ್ಟ್ ಮಾಡಿ, ರಸೀದಿ ಇಟ್ಟುಕೊಂಡು, ಪ್ರಮಾಣಪತ್ರದೊಂದಿಗೆ (ಅಫಿಡವಿಟ್) ಮ್ಯಾಜಿಸ್ಟ್ರೇಟ್‌ಗೆ ಅರ್ಜಿ ಹಾಕಬೇಕು. ಎಸ್‌ಪಿ ಮೆಟ್ಟಿಲು ತಪ್ಪಿಸಿ ಹೋದ ಅರ್ಜಿಗಳು ಅದೊಂದೇ ಕಾರಣಕ್ಕೆ ಬೀಳುತ್ತವೆ. ಕರ್ತವ್ಯದಲ್ಲಿದ್ದ ನೌಕರರಾದ್ದರಿಂದ ಮ್ಯಾಜಿಸ್ಟ್ರೇಟ್ ಮೇಲಧಿಕಾರಿಯ ವರದಿ ತರಿಸಬಹುದು. 'ನೌಕರರ ಮೇಲೆ ಕೇಸು ನಡೆಸಲು ಸರ್ಕಾರದ ಪೂರ್ವಾನುಮತಿ ಇಲ್ಲ' ಎಂಬ ತಕರಾರೂ ಬರುತ್ತದೆ. ಹೊಡೆಯುವುದು ಕರ್ತವ್ಯದ ಭಾಗವಲ್ಲ ಎಂಬುದೇ ಅದಕ್ಕೆ ನಿಮ್ಮ ಕಡೆಯ ವಾದ. ಮಾನವ ಹಕ್ಕುಗಳ ಆಯೋಗಕ್ಕೂ ಬರೆಯಬಹುದು, ಘಟನೆ ನಡೆದ ಒಂದು ವರ್ಷದೊಳಗೆ.

ಇನ್ನು ಟ್ರ್ಯಾಕ್ಟರ್. ಮುಟ್ಟುಗೋಲಿನ ನೋಟಿಸ್ ಬಂದರೆ ಗಡುವಿನೊಳಗೆ ಲಿಖಿತ ಉತ್ತರ ಕೊಡಿ: ಮಾಲೀಕರಿಗೆ ಗೊತ್ತಿರಲಿಲ್ಲ, ತಕ್ಕ ಎಚ್ಚರ ವಹಿಸಿದ್ದರು ಎಂಬುದಕ್ಕೆ ಬಾಡಿಗೆ ಚೀಟಿ, ಚಾಲಕನ ವಿವರ ಸಮೇತ. ಮುಟ್ಟುಗೋಲು ಆದೇಶವಾದರೆ ಅದು ಕೈಸೇರಿದ 30 ದಿನದೊಳಗೆ ಜಿಲ್ಲಾ ಸೆಷನ್ಸ್ ನ್ಯಾಯಾಲಯಕ್ಕೆ ಮೇಲ್ಮನವಿ. 'ದಂಡ ಕಟ್ಟಿ ಒಯ್ಯಿರಿ' ಎಂದರೆ ಸರ್ಕಾರಿ ರಸೀದಿ ಇಲ್ಲದೆ ಒಂದು ರೂಪಾಯಿಯೂ ಕೊಡಬೇಡಿ; ರಾಜಿ ಹಾಳೆಯಲ್ಲಿ ಏನು ಒಪ್ಪಿಕೊಂಡಂತಾಗುತ್ತದೆ ಎಂದು ಓದಿಸಿಕೊಂಡೇ ಸಹಿ ಮಾಡಿ.

ಕೇಸೇ ಸುಳ್ಳೆಂದು ರದ್ದು ಕೋರಲು ಬೆಂಗಳೂರಿಗೆ ಹೋಗಬೇಕಿಲ್ಲ, ಗದಗ ಜಿಲ್ಲೆ ಹೈಕೋರ್ಟಿನ ಧಾರವಾಡ ಪೀಠದ ವ್ಯಾಪ್ತಿಯಲ್ಲಿದೆ. ವಕೀಲರ ಫೀಜಿಗೆ ದುಡ್ಡಿಲ್ಲದಿದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಕೇಳಿ, ಸಹಾಯವಾಣಿ 15100. ಬಂಧನದಲ್ಲಿರುವವರಿಗೆ, ಮಹಿಳೆಯರಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ ಆದಾಯ ಪ್ರಮಾಣಪತ್ರ ಇಲ್ಲದೆಯೂ ಉಚಿತ ವಕೀಲರು ಸಿಗುತ್ತಾರೆ.