ಡಿಸಿಆರ್ ಅಂದರೇನು? ತೊಗರಿ ಎಲ್ಲಿಯದು, ಬೇಳೆ ಎಲ್ಲಿಯದು

ಕಲಬುರಗಿಯ ನಮ್ಮ ಕಾಕಾ ಮನೆ ಮೇಲೆ ಸೋಲಾರ್ ಹಾಕಿಸಬೇಕೆಂದು ಹೊರಟಾಗ, ಅಳತೆಗೆ ಬಂದ ಹುಡುಗ ಒಂದೇ ಹಾಳೆಯಲ್ಲಿ ಎರಡು ರೇಟು ಬರೆದುಕೊಟ್ಟ.

"ಡಿಸಿಆರ್ ಹಾಕ್ಲೇನ್ರಿ ಕಾಕಾ, ನಾನ್ ಡಿಸಿಆರ್ ಹಾಕ್ಲೇನ್ರಿ? ನಾನ್ ಡಿಸಿಆರ್ ಸೋವಿ ಬೀಳ್ತದ. ಎರಡೂ ಇಂಡಿಯಾ ಮಾಲೇ ಅದ್ರಿ."

"ಎರಡೂ ನಮ್ಮ ದೇಶದ್ದೇ ಇದ್ರ ಮತ್ತ ಫರಕ್ ಏನದಪಾ?"

ಹುಡುಗ ತಡವರಿಸಿದ. "ಡಿಸಿಆರ್‌ಗೆ ಸಬ್ಸಿಡಿ ಬರ್ತದ್ರಿ, ಅದಕ್ಕ ಬರಂಗಿಲ್ಲ" ಅಂದ. ಅವನು ಹೇಳಿದ್ದು ನಿಜ. ಆದರೆ ಕಾಕಾ ಕೇಳಿದ್ದು ಬೇರೆ. ಎರಡೂ ಇಲ್ಲಿಯವೇ ಆಗಿದ್ದರೆ ಸರ್ಕಾರ ಒಂದಕ್ಕೆ ದುಡ್ಡು ಕೊಟ್ಟು ಇನ್ನೊಂದಕ್ಕೆ ಯಾಕೆ ಕೊಡುವುದಿಲ್ಲ? ಈ ಪ್ರಶ್ನೆಗೆ ಉತ್ತರ ಸಿಕ್ಕರೆ ಡಿಸಿಆರ್ ಎಂಬ ಪದವೂ ಸಿಕ್ಕಂತೆ.

ಮೊದಲು ಒಂದು ತಪ್ಪು ತಿಳಿವಳಿಕೆ ಸರಿಮಾಡಿಕೊಳ್ಳೋಣ. ಪ್ಯಾನೆಲ್‌ನಿಂದ ಬರುವುದು ಡಿಸಿ ಕರೆಂಟ್ ಆದ್ದರಿಂದ ಡಿಸಿಆರ್ ಅನ್ನುವುದೂ ಕರೆಂಟಿನ ಒಂದು ಬಗೆ ಎಂದು ನಂಬಿದವರನ್ನು ಕಂಡಿದ್ದೇನೆ. ಡಿಸಿ ಆಫೀಸಿನ ಪರವಾನಗಿ ಎಂದುಕೊಂಡವರೂ ಇದ್ದಾರೆ. ಎರಡೂ ಅಲ್ಲ. ಅದು ಡೊಮೆಸ್ಟಿಕ್ ಕಂಟೆಂಟ್ ರಿಕ್ವೈರ್‌ಮೆಂಟ್ ಎಂಬ ಮೂರು ಪದಗಳ ಮೊದಲಕ್ಷರ. ಕನ್ನಡದಲ್ಲಿ ದೇಸಿ ಅಂಶದ ಷರತ್ತು ಅನ್ನಬಹುದು. ಒಂದು ವಸ್ತುವಿನಲ್ಲಿ ಇಂತಿಂಥ ಭಾಗ ನಮ್ಮ ದೇಶದಲ್ಲೇ ತಯಾರಾಗಿರಬೇಕು, ಆಗ ಮಾತ್ರ ಈ ಸವಲತ್ತು ಎಂದು ಸರ್ಕಾರ ಹಾಕುವ ಷರತ್ತು ಅದು. ಇದರಲ್ಲಿ ಒತ್ತು ಬೀಳಬೇಕಾದದ್ದು 'ದೇಸಿ' ಅನ್ನುವುದರ ಮೇಲಲ್ಲ, 'ಅಂಶ' ಅನ್ನುವುದರ ಮೇಲೆ. ಯಾವ ಅಂಶ ದೇಸಿ ಇರಬೇಕು? ಎರಡು ರೇಟುಗಳ ನಡುವಿನ ಅಂತರ ಹುಟ್ಟುವುದು ಅಲ್ಲೇ.

ಕಾಕಾ ಗಂಜ್ ಮಾರುಕಟ್ಟೆಯ ದಾಲ್ ಮಿಲ್ ಒಂದರಲ್ಲಿ ವರ್ಷಗಟ್ಟಲೆ ಲೆಕ್ಕ ಬರೆದವರು. ಹೀಗಾಗಿ ನಾನು ಅವರಿಗೆ ತೊಗರಿಯ ಲೆಕ್ಕದಲ್ಲೇ ಹೇಳಿದೆ. ಚಿಂಚೋಳಿಯ ರೈತ ತಂದ ತೊಗರಿಯೂ ಮಿಲ್ಲಿಗೆ ಬರುತ್ತದೆ, ಬರ್ಮಾದಿಂದಲೋ ಮೊಜಾಂಬಿಕ್‌ನಿಂದಲೋ ಹಡಗು ಹತ್ತಿ ಬಂದ ತೊಗರಿಯೂ ಬರಬಹುದು. ಎರಡನ್ನೂ ಸ್ವಚ್ಛ ಮಾಡಿ, ಎಣ್ಣೆ ಹಚ್ಚಿ, ಅಂಗಳದ ಬಿಸಿಲಿಗೆ ಹರವಿ, ಸಿಪ್ಪೆ ಬಿಡಿಸಿ, ಎರಡು ಹೋಳು ಮಾಡಿ ಚೀಲಕ್ಕೆ ತುಂಬುವುದು ಇದೇ ಊರಿನಲ್ಲಿ. ಬೇಳೆ ಎಲ್ಲಿ ಆಯಿತು ಅಂದರೆ ಎರಡಕ್ಕೂ ಉತ್ತರ ಕಲಬುರಗಿ. ತೊಗರಿ ಎಲ್ಲಿ ಬೆಳೆಯಿತು ಅಂದರೆ ಉತ್ತರ ಬೇರೆ. 2019ರಲ್ಲಿ ನಮ್ಮ ಬೇಳೆಗೆ ಗುಲ್ಬರ್ಗಾ ತೂರ್ ದಾಲ್ ಎಂಬ ಹೆಸರಿನಲ್ಲಿ ಭೌಗೋಳಿಕ ಸೂಚಕ, ಅಂದರೆ ಜಿಐ ಟ್ಯಾಗ್ ಸಿಕ್ಕಿದ್ದು ಇಲ್ಲಿಯ ನೆಲಕ್ಕೂ ಬೆಳೆಗೂ ಸೇರಿ. ಬರೀ ಮಿಲ್ಲಿನ ಕೆಲಸಕ್ಕಲ್ಲ.

ಸೋಲಾರ್ ಪ್ಯಾನೆಲ್‌ನ ಕಥೆಯೂ ಹೀಗೇ. ಕಾಕಾ ತಟ್ಟನೆ ಹಿಡಿದರು: "ಅಂದ್ರ ನಾನ್ ಡಿಸಿಆರ್ ಅಂದ್ರ ಇಲ್ಲಿ ಬರೇ ಬ್ಯಾಳಿ ಒಡದದ್ದು. ತೊಗರಿ ಹೊರಗಿಂದು." ಹೌದು. ಈ ಲೆಕ್ಕದಲ್ಲಿ ತೊಗರಿ ಅಂದರೆ ಸೆಲ್.

ಪ್ಯಾನೆಲ್ ಒಂದನ್ನು ಹತ್ತಿರದಿಂದ ನೋಡಿ. ಗಾಜಿನ ಕೆಳಗೆ ಕಡುನೀಲಿಯೋ ಕಪ್ಪೋ ಆದ ಬಿಲ್ಲೆಗಳು ಸಾಲಾಗಿ ಕೂತಿರುತ್ತವೆ, ಮೇಲೆ ಕೂದಲೆಳೆಯಂಥ ಬೆಳ್ಳಿ ಗೆರೆಗಳು. ಆ ಒಂದೊಂದು ಬಿಲ್ಲೆಯೂ ಒಂದು ಸೆಲ್. ಬಿಸಿಲು ವಿದ್ಯುತ್ ಆಗುವುದು ಅಲ್ಲೇ, ಉಳಿದದ್ದೆಲ್ಲ ಅದರ ಕಾವಲಿಗೆ. ಅದರ ಹುಟ್ಟು ಬೆಣಚುಕಲ್ಲಿನ ಸಿಲಿಕಾದಿಂದ. ಅದನ್ನು ಕರಗಿಸಿ, ಮತ್ತೆ ಮತ್ತೆ ಶುದ್ಧಿ ಮಾಡಿ ಪಾಲಿಸಿಲಿಕಾನ್ ತೆಗೆಯುತ್ತಾರೆ. ಅದನ್ನು ದಿಮ್ಮಿಯಾಗಿ ಬೆಳೆಸಿ, ಹಪ್ಪಳಕ್ಕಿಂತ ತೆಳ್ಳಗೆ, 0.2 ಮಿಲಿಮೀಟರಿಗೂ ಕಡಿಮೆ ದಪ್ಪಕ್ಕೆ ಕೊಯ್ಯುತ್ತಾರೆ, ಅದು ವೇಫರ್. ವೇಫರ್‌ಗೆ ಬೋರಾನ್, ರಂಜಕದಂಥ ಧಾತುಗಳನ್ನು ಲೆಕ್ಕವಾಗಿ ಸೇರಿಸಿ, ಬೆಳಕು ಪುಟಿದು ಹೋಗದಂತೆ ಲೇಪ ಕೊಟ್ಟು, ಬೆಳ್ಳಿಯ ಗೆರೆ ಅಚ್ಚು ಹಾಕಿದರೆ ಸೆಲ್. ಸೆಲ್‌ಗಳನ್ನು ತಂತಿಯಿಂದ ಪೋಣಿಸಿ, ಗಾಜು ಹೊದಿಸಿ, ಒತ್ತಿ, ಅಲ್ಯುಮಿನಿಯಂ ಚೌಕಟ್ಟು ಕೂರಿಸಿದರೆ ಮಾಡ್ಯೂಲ್, ಅಂದರೆ ನಾವು ಅನ್ನುವ ಪ್ಯಾನೆಲ್. ಕೊನೆಯ ಈ ಜೋಡಣೆ ಸುಲಭ ಎಂದು ನಾನು ಹೇಳುವುದಿಲ್ಲ. ಆದರೆ ಬಂಡವಾಳ, ರಸಾಯನವಿದ್ಯೆ, ಕೈಪಳಗುವಿಕೆ ಎಲ್ಲ ಹೆಚ್ಚಾಗಿ ಬೇಕಾಗುವುದು ಮೊದಲಿನ ಹಂತಗಳಲ್ಲಿ. ಜಗತ್ತಿನಲ್ಲಿ ಈ ಎಲ್ಲ ಹಂತಗಳಲ್ಲೂ ಚೀನಾದ ಪಾಲು ಶೇ 80ಕ್ಕೂ ಮೇಲಿದೆ ಎಂದು ಅಂತರರಾಷ್ಟ್ರೀಯ ಇಂಧನ ಸಂಸ್ಥೆ 2022ರಲ್ಲಿ ಲೆಕ್ಕ ಕೊಟ್ಟಿತ್ತು.

ಈಗಿನ ನಮ್ಮ ನಿಯಮದ ಪ್ರಕಾರ ಸೆಲ್ಲೂ ಪ್ಯಾನೆಲ್ಲೂ ಎರಡೂ ಭಾರತದಲ್ಲಿ ತಯಾರಾಗಿದ್ದರೆ ಅದು ಡಿಸಿಆರ್. ಸೆಲ್ ಹೊರಗಿನದು, ಜೋಡಣೆ ಇಲ್ಲಿಯದು ಅಂದರೆ ಪ್ಯಾನೆಲ್ ಮೇಲೆ ಮೇಡ್ ಇನ್ ಇಂಡಿಯಾ ಎಂದಿದ್ದರೂ ಅದು ನಾನ್ ಡಿಸಿಆರ್. ಆ ಹುಡುಗ ಸುಳ್ಳು ಹೇಳಿರಲಿಲ್ಲ.

ಈ ಗೆರೆ ಮೊದಲಿನಿಂದಲೂ ಸೆಲ್ ಮೇಲೆಯೇ ಇರಲಿಲ್ಲ. 2010ರಲ್ಲಿ ಜವಾಹರಲಾಲ್ ನೆಹರೂ ರಾಷ್ಟ್ರೀಯ ಸೌರ ಮಿಷನ್ ಶುರುವಾದಾಗ, ಮೊದಲ ತಂಡದ ಯೋಜನೆಗಳಿಗೆ ಸಿಲಿಕಾನ್ ಮಾಡ್ಯೂಲ್ ಇಲ್ಲಿಯದಿದ್ದರೆ ಸಾಕಿತ್ತು. ಎರಡನೇ ತಂಡಕ್ಕೆ ಸೆಲ್ಲೂ ಇಲ್ಲಿಯದೇ ಇರಬೇಕೆಂದು ಗೆರೆ ಒಂದು ಹೆಜ್ಜೆ ಹಿಂದೆ ಸರಿಯಿತು. ಆದರೆ ತೆಳುಪದರದ ಪ್ಯಾನೆಲ್, ಅಂದರೆ ಥಿನ್ ಫಿಲ್ಮ್‌ಗೆ ವಿನಾಯಿತಿ ಕೊಟ್ಟಿದ್ದರು. ಬಾಗಿಲು ಹಾಕಿ ಕಿಟಕಿ ತೆರೆದಂತಾಯಿತು. ಹಲವು ಗುತ್ತಿಗೆದಾರರು ವಿದೇಶದ ಥಿನ್ ಫಿಲ್ಮ್ ಕಡೆಗೇ ವಾಲಿದರು. ಗೆರೆ ಎಳೆಯುವುದಷ್ಟೇ ಅಲ್ಲ, ಅದರ ಎರಡೂ ತುದಿ ಎಲ್ಲಿಗೆ ಮುಟ್ಟಿವೆ ಎಂದು ನೋಡುವುದೂ ಕಾನೂನು ಬರೆಯುವವರ ಕೆಲಸ ಎಂದು ನನಗೆ ಮನವರಿಕೆಯಾದದ್ದು ಈ ಪ್ರಸಂಗ ಓದಿದಾಗ.

ವಿನಾಯಿತಿ ಇದ್ದರೂ ಅಮೆರಿಕ 2013ರಲ್ಲಿ ವಿಶ್ವ ವ್ಯಾಪಾರ ಸಂಸ್ಥೆಗೆ ದೂರು ಒಯ್ದಿತು. ಹೊರದೇಶದ ಸರಕು ಎಂಬ ಒಂದೇ ಕಾರಣಕ್ಕೆ ಕೀಳಾಗಿ ಕಾಣಬಾರದು ಎಂಬುದು ಆ ಸಂಸ್ಥೆಯ ಮೂಲ ನಿಯಮ. ಸರ್ಕಾರ ತನ್ನ ಬಳಕೆಗೆ ಕೊಳ್ಳುವ ವಸ್ತುವಿಗೆ ಅದರಲ್ಲಿ ರಿಯಾಯಿತಿ ಇದೆ. ಭಾರತ ಮುಖ್ಯವಾಗಿ ಅದನ್ನೇ ಹಿಡಿದು ವಾದಿಸಿತು. ಉತ್ತರ ಸಣ್ಣದಾಗಿ ಬಂತು: ನೀವು ಕೊಂಡದ್ದು ವಿದ್ಯುತ್ತು, ಷರತ್ತು ಹಾಕಿದ್ದು ಸೆಲ್ಲಿಗೆ, ಎರಡೂ ಒಂದೇ ಸರಕಲ್ಲ. 2016ರ ಸೆಪ್ಟೆಂಬರ್‌ನಲ್ಲಿ ಮೇಲ್ಮನವಿ ಪೀಠವೂ ಇದನ್ನೇ ಎತ್ತಿಹಿಡಿದು, ನಾವು ಸೋತೆವು. ಅದೇ ತಿಂಗಳು ಭಾರತವೂ ಅಮೆರಿಕದ ಎಂಟು ರಾಜ್ಯಗಳಲ್ಲಿದ್ದ ಇಂಥದ್ದೇ ಷರತ್ತುಗಳ ಮೇಲೆ ದೂರು ಕೊಟ್ಟಿತು. 2019ರ ಜೂನ್‌ನಲ್ಲಿ ಆ ತೀರ್ಪು ಬಹುಪಾಲು ನಮ್ಮ ಕಡೆಗೆ ಬಂತು. ಅಮೆರಿಕ ಮೇಲ್ಮನವಿ ಹಾಕಿತು, ಆದರೆ ಹೊಸ ಸದಸ್ಯರ ನೇಮಕವಾಗದೆ 2019ರ ಡಿಸೆಂಬರ್‌ನಿಂದ ಮೇಲ್ಮನವಿ ಪೀಠದ ಕೆಲಸವೇ ನಿಂತಿದೆ.

ಆ ಪೀಠ ಸುಮ್ಮನಾದ ಮೇಲೆ ದೊಡ್ಡ ದೇಶಗಳು ದೇಸಿ ಷರತ್ತುಗಳನ್ನು ರಾಜಾರೋಷವಾಗಿ ಕಾನೂನಿಗೇ ಬರೆದುಕೊಂಡವು. ಜೋ ಬೈಡನ್ 2022ರ ಆಗಸ್ಟ್ 16ರಂದು ಸಹಿ ಹಾಕಿದ ಇನ್‌ಫ್ಲೇಷನ್ ರಿಡಕ್ಷನ್ ಆಕ್ಟ್ ಹೆಸರಿಗೆ ಹಣದುಬ್ಬರದ ಕಾನೂನು, ಒಳಗೆ ಬಹುಪಾಲು ಶುದ್ಧ ಇಂಧನದ್ದು. ಅದು ಕಡ್ಡಾಯ ಮಾಡಲಿಲ್ಲ, ಆಸೆ ತೋರಿಸಿತು. ಸೌರ ಸ್ಥಾವರ ಕಟ್ಟಿದವರಿಗೆ ಖರ್ಚಿನ ಶೇ 30ರಷ್ಟು ತೆರಿಗೆ ವಿನಾಯಿತಿ ಸಿಗುವಲ್ಲಿ, ಉಕ್ಕು ಮತ್ತು ಬಿಡಿಭಾಗಗಳ ನಿಗದಿತ ಪಾಲು ಅಮೆರಿಕದ್ದೇ ಆಗಿದ್ದರೆ ಅದು ಶೇ 40 ಆಗುತ್ತಿತ್ತು. ಜೊತೆಗೆ ಕಾರ್ಖಾನೆಯವರಿಗೂ ತೆರಿಗೆ ವಿನಾಯಿತಿ: ತಯಾರಿಸಿದ ಸೆಲ್‌ಗೆ ವ್ಯಾಟ್‌ಗೆ 4 ಸೆಂಟ್, ಮಾಡ್ಯೂಲ್‌ಗೆ 7 ಸೆಂಟ್. 2025ರ ಜುಲೈನಲ್ಲಿ ಬಂದ ಹೊಸ ಕಾನೂನು ಇದರಲ್ಲಿ ಎಷ್ಟನ್ನೋ ಕತ್ತರಿಸಿದೆ. ಯುರೋಪ್ ಒಕ್ಕೂಟದ ನೆಟ್ ಝೀರೋ ಇಂಡಸ್ಟ್ರಿ ಆಕ್ಟ್ 2024ರ ಜೂನ್‌ನಲ್ಲಿ ಜಾರಿಗೆ ಬಂತು; 2030ರ ಹೊತ್ತಿಗೆ ತಮಗೆ ಬೇಕಾದ ಶುದ್ಧ ಇಂಧನ ಸಾಧನಗಳಲ್ಲಿ ಶೇ 40ರಷ್ಟನ್ನು ಮಾಡುವ ಸಾಮರ್ಥ್ಯ ತಮ್ಮಲ್ಲೇ ಇರಬೇಕೆಂಬುದು ಅದರ ಗುರಿ.

ನಮ್ಮಲ್ಲಿ ಇದಕ್ಕೆಂದೇ ಒಂದು ಕಾನೂನು ಇಲ್ಲ, ಹಲವು ಆದೇಶಗಳ ಹೆಣಿಗೆ ಇದೆ. 2022ರ ಏಪ್ರಿಲ್‌ನಿಂದ ಹೊರಗಿನ ಮಾಡ್ಯೂಲ್‌ಗೆ ಶೇ 40, ಸೆಲ್‌ಗೆ ಶೇ 25 ಆಮದು ಸುಂಕ ಬಿತ್ತು. ಆಮೇಲೆ ದರಗಳು ಬದಲಾಗಿವೆ. ಕಾರ್ಖಾನೆ ಕಟ್ಟುವವರಿಗೆ ಉತ್ಪಾದನೆ ಆಧಾರಿತ ಪ್ರೋತ್ಸಾಹಧನ, ಅಂದರೆ ಪಿಎಲ್‌ಐ, ಎರಡು ಕಂತುಗಳಲ್ಲಿ ಒಟ್ಟು 24,000 ಕೋಟಿ ರೂಪಾಯಿ. ಕೊಳ್ಳುವವರ ಬದಿಗೆ ಇರುವುದೇ ಡಿಸಿಆರ್. ಹೊಲಕ್ಕೆ ಸೋಲಾರ್ ಪಂಪ್‌ಸೆಟ್ ಕೊಡುವ ಪಿಎಂ ಕುಸುಮ್‌ನಲ್ಲೂ, ಮನೆ ಮೇಲೆ ಸೋಲಾರ್ ಹಾಕಿಸುವವರಿಗೆಂದು 2024ರ ಫೆಬ್ರುವರಿಯಲ್ಲಿ ಬಂದ ಪಿಎಂ ಸೂರ್ಯಘರ್ ಯೋಜನೆಯಲ್ಲೂ ಈ ಷರತ್ತಿದೆ. ಸೂರ್ಯಘರ್‌ನಲ್ಲಿ 1 ಕಿಲೋವ್ಯಾಟ್‌ಗೆ 30,000, 2ಕ್ಕೆ 60,000, 3 ಮತ್ತು ಅದಕ್ಕೂ ಮೇಲೆ 78,000 ರೂಪಾಯಿ ಸಬ್ಸಿಡಿ. ನಾನ್ ಡಿಸಿಆರ್ ಹಾಕಿಸಿದರೆ ಇದರಲ್ಲಿ ಒಂದು ರೂಪಾಯಿಯೂ ಇಲ್ಲ.

ಕಾಕಾಗೆ ಬೇಕಾದದ್ದು ಈ ಲೆಕ್ಕ. ಡಿಸಿಆರ್ ವ್ಯಾಟ್‌ಗೆ 8 ರೂಪಾಯಿ ತುಟ್ಟಿ ಎಂದು ಮಾತಿಗೆ ಇಟ್ಟುಕೊಂಡರೂ 3 ಕಿಲೋವ್ಯಾಟ್‌ಗೆ ಹೆಚ್ಚುವರಿ ಖರ್ಚು 24,000. ಬರುವುದು 78,000. ಮನೆಯವರಿಗೆ ಇದರಲ್ಲಿ ಯೋಚಿಸುವುದೇನೂ ಇಲ್ಲ. ದಾಲ್ ಮಿಲ್ಲಿನ ತಗಡಿನ ಮೇಲೆ ಹಾಕಿಸುವ ಮಾಲೀಕನಿಗೆ ಮಾತ್ರ ಪ್ರಶ್ನೆ ಬೇರೆ, ಯಾಕೆಂದರೆ ಸೂರ್ಯಘರ್ ಸಬ್ಸಿಡಿ ವಾಸದ ಮನೆಗಷ್ಟೇ.

ಇನ್ನೊಂದು ಪದ ಇದರ ಜೊತೆ ಕಲಸಿಹೋಗುತ್ತದೆ: ಎಎಲ್‌ಎಂಎಂ. ಅದು ಸರ್ಕಾರ ಒಪ್ಪಿದ ಮಾಡೆಲ್ ಮತ್ತು ತಯಾರಕರ ಪಟ್ಟಿ. ಈ ಪಟ್ಟಿಯಲ್ಲಿರುವ ಪ್ಯಾನೆಲ್ ಎಲ್ಲವೂ ಡಿಸಿಆರ್ ಅಲ್ಲ. ಮೊದಲ ಪಟ್ಟಿ ನೋಡುವುದು ಮಾಡ್ಯೂಲ್ ಎಲ್ಲಿ ಆಯಿತು ಎಂದಷ್ಟೇ. "ನಮ್ಮದು ಎಎಲ್‌ಎಂಎಂ ಮಾಲು" ಅಂದವರಿಗೆ "ಡಿಸಿಆರ್ ಅದ ಏನು?" ಎಂದು ಮತ್ತೆ ಕೇಳಲೇಬೇಕು. ಸೆಲ್‌ಗಳದ್ದೇ ಎರಡನೇ ಪಟ್ಟಿ 2026ರ ಜೂನ್ 1ರಿಂದ ಎಂದು ಆದೇಶವಾಗಿದೆ, ನೆಟ್ ಮೀಟರಿಂಗ್, ಅಂದರೆ ಮಿಕ್ಕ ಕರೆಂಟನ್ನು ಲೈನಿಗೆ ಕೊಟ್ಟು ಬಿಲ್ಲಿನಲ್ಲಿ ಕಳೆದುಕೊಳ್ಳುವ ಯೋಜನೆಗಳೂ ಅದರೊಳಗೆ ಬರುತ್ತವೆ. ಅದು ಪೂರ್ತಿ ಹಿಡಿತಕ್ಕೆ ಬಂದಮೇಲೆ ಡಿಸಿಆರ್, ನಾನ್ ಡಿಸಿಆರ್ ಎಂಬ ಫರಕ್ಕೇ ಬಹುಮಟ್ಟಿಗೆ ಅಳಿಸಿಹೋಗಬಹುದು. ವೇಫರ್‌ಗೂ ಇಂಥದ್ದೇ ಪಟ್ಟಿಯ ಪ್ರಸ್ತಾವ 2025ರಲ್ಲಿ ಹೊರಬಿದ್ದಿದೆ. ಗೆರೆ ಮತ್ತೊಂದು ಹೆಜ್ಜೆ ಹಿಂದಕ್ಕೆ, ಚೀಲದಿಂದ ಹೊಲದ ಕಡೆಗೆ.

ಗೆರೆಯನ್ನು ಸೆಲ್ ಮೇಲೆ ಎಳೆದದ್ದು ಸರಿ ಎಂದೇ ನನ್ನ ನಂಬಿಕೆ. 2025ರ ಆಗಸ್ಟ್‌ನಲ್ಲಿ ನಮ್ಮ ಮಾಡ್ಯೂಲ್ ಸಾಮರ್ಥ್ಯ 100 ಗಿಗಾವ್ಯಾಟ್ ದಾಟಿತೆಂದು ಕೇಂದ್ರ ಹೇಳಿತು. ಸೆಲ್ ಸಾಮರ್ಥ್ಯ ಅದೇ ವರ್ಷದ ಮಾರ್ಚ್‌ಗೆ 25 ಗಿಗಾವ್ಯಾಟ್ ಮಾತ್ರ. ಊರ ತುಂಬ ಮಿಲ್ಲು ಎದ್ದಿವೆ, ತೊಗರಿ ಹಾಕಿದ ಹೊಲ ಕಡಿಮೆ. ಸೆಲ್ ಮಾಡಲು ಕಲಿಯದೆ ಜೋಡಣೆಯಲ್ಲೇ ನಿಂತರೆ, ಹಡಗು ನಿಂತ ದಿನ ಮಿಲ್ಲೂ ನಿಲ್ಲುತ್ತದೆ. ಹಾಗೆಂದು ಈಗಿನ ಡಿಸಿಆರ್ ಪ್ಯಾನೆಲ್ ಬುಡದಿಂದ ತುದಿಯವರೆಗೆ ನಮ್ಮದೇ ಎಂದು ಯಾರಾದರೂ ಹೇಳಿದರೆ ಅದೂ ನಿಜವಲ್ಲ. ಪಾಲಿಸಿಲಿಕಾನ್, ವೇಫರ್ ಈಗಲೂ ಹೆಚ್ಚಾಗಿ ಹೊರಗಿನಿಂದಲೇ ಬರುತ್ತವೆ. ನನ್ನ ಕಾಳಜಿ ಒಂದೇ: ಸೆಲ್ ಕಡಿಮೆ ಇರುವಷ್ಟು ದಿನ ಡಿಸಿಆರ್ ರೇಟು ಇಳಿಯುವುದಿಲ್ಲ, ಮತ್ತು ಸಬ್ಸಿಡಿಯ ಒಂದು ಪಾಲು ಮನೆಯವರ ಕೈ ಹಾಯ್ದು ತಯಾರಕರ ಕಡೆಗೇ ಹೋಗುತ್ತದೆ. ಕಲಿಯುವ ಕಾಲಕ್ಕೆ ತೆರುವ ಫೀಸು ಅದು ಅನ್ನಬಹುದು. ಆದರೆ ಹೊಲಕ್ಕೆ ಪಂಪ್‌ಸೆಟ್ ಹಾಕಿಸಲು ತನ್ನ ಪಾಲಿನ ದುಡ್ಡು ಹೊಂದಿಸುತ್ತಿರುವ ಅಫಜಲಪುರದ ರೈತನಿಗೆ ಆ ಫೀಸು ಯಾವಾಗ ಮುಗಿಯುತ್ತದೆಂದು ಹೇಳುವ ಹೊಣೆ ಸರ್ಕಾರದ ಮೇಲಿದೆ.

ಕೊನೆಗೆ ಗುರುತು ಹಿಡಿಯುವ ಮಾತು. ಗಾಜಿನ ಮೇಲಿನಿಂದ ನೋಡಿದರೆ ಡಿಸಿಆರ್ ಯಾವುದು, ಅಲ್ಲದ್ದು ಯಾವುದು ಎಂದು ಯಾರಿಗೂ ಗೊತ್ತಾಗುವುದಿಲ್ಲ. ಪ್ರತಿ ಪ್ಯಾನೆಲ್‌ಗೂ ಒಂದು ಸೀರಿಯಲ್ ನಂಬರ್ ಇರುತ್ತದೆ. ಜೊತೆಗೆ ಆರ್‌ಎಫ್‌ಐಡಿ ಎಂಬ ಪುಟ್ಟ ಚೀಟಿ ಕೂರಿಸಿರಬೇಕು; ಅದರೊಳಗೆ ಮಾಡ್ಯೂಲ್ ಮಾಡಿದ ದೇಶ ಮತ್ತು ಸೆಲ್ ಮಾಡಿದ ದೇಶ ಬೇರೆ ಬೇರೆಯಾಗಿ ದಾಖಲಾಗಿರಬೇಕೆಂಬ ನಿಯಮವಿದೆ. ಕಾಕಾ ಅಂದಾಜು ಪಟ್ಟಿಯ ಮೇಲೆ ಡಿಸಿಆರ್ ಎಂದು ಬರೆಸಿಕೊಂಡರು, ಬಿಲ್ಲಿನ ಮೇಲೂ ಬರೆಸಿದರು, ತಯಾರಕರ ಪ್ರಮಾಣಪತ್ರ ಇಸಿದುಕೊಂಡರು. ಪ್ಯಾನೆಲ್‌ಗಳು ಬಂದ ದಿನ, ಮೇಲಕ್ಕೆ ಏರಿಸುವ ಮೊದಲು, ಅಂಗಳದ ಶಹಾಬಾದ್ ಪರಸಿಯ ಮೇಲೆ ಆರನ್ನೂ ಸಾಲಾಗಿ ಒರಗಿಸಿ ನಿಲ್ಲಿಸಲು ಹೇಳಿದರು. ಹಳೆಯ ಲೆಕ್ಕದ ಕನ್ನಡಕ ಹಾಕಿಕೊಂಡು, ಪ್ರಮಾಣಪತ್ರದ ಒಂದೊಂದು ನಂಬರಿಗೂ ಪ್ಯಾನೆಲ್ ಬೆನ್ನಿನ ನಂಬರನ್ನು ತಾಳೆ ನೋಡಿ, ಪೆನ್ಸಿಲಿನಿಂದ ಗುರುತು ಹಾಕುತ್ತ ಹೋದರು. ಆರನೆಯದಕ್ಕೂ ಗುರುತು ಬಿದ್ದ ಮೇಲೆ ಹುಡುಗನ ಕಡೆ ನೋಡಿ "ಹ್ಞಾ, ಈಗ ಏರಸಪಾ" ಅಂದರು.