ಚಂದ್ರನಿಗೆ ಹೋಗಲು ಎರಡು ನೌಕೆ ಯಾಕೆ ಬೇಕಿತ್ತು? ಅಪೊಲೊ ಟಿಪ್ಪಣಿ

ಚಂದ್ರನಿಗೆ ಜನರನ್ನು ಕಳಿಸಿದ ಅಮೆರಿಕದ ಅಪೊಲೊ ಯಾನಗಳ ಇಸವಿಗಳನ್ನು ಬೇಗ ಮುಗಿಸೋಣ. 1968ರ ಡಿಸೆಂಬರ್‌ನಲ್ಲಿ ಅಪೊಲೊ 8 ಚಂದ್ರನನ್ನು ಸುತ್ತಿ ಬಂತು. 1969ರ ಜುಲೈ 20ರಂದು ಅಪೊಲೊ 11 ಇಳಿಯಿತು. 1972ರ ಡಿಸೆಂಬರ್‌ನ ಅಪೊಲೊ 17 ಆ ಸರಣಿಯ ಕೊನೆಯದು.

ಎಷ್ಟು ಜನ ಹೋದರು ಅನ್ನುವುದನ್ನು ಬಾಯಿಪಾಠ ಮಾಡಬೇಕಿಲ್ಲ. ಇಳಿದದ್ದು 11ರಿಂದ 17, ಅದರಲ್ಲಿ 13 ಬಿಡಿ. ಆರು ಸಲ, ಸಲಕ್ಕೆ ಇಬ್ಬರು, ಅಂದರೆ ನಡೆದವರು 12 ಜನ. ಚಂದ್ರನವರೆಗೆ ಹೋದದ್ದು 8, ಆಮೇಲೆ 10ರಿಂದ 17. (9 ಭೂಮಿಯನ್ನೇ ಸುತ್ತಿತು.) ಒಂಬತ್ತು ಸಲ, ಸಲಕ್ಕೆ ಮೂವರು, ಒಟ್ಟು 27. ಲೊವೆಲ್, ಯಂಗ್, ಸರ್ನನ್ ಎರಡೆರಡು ಸಲ ಹೋದರು. ಮೂರು ಕಳೆದರೆ 24 ಜನ.

ಈಗ ನನಗೆ ಕಗ್ಗಂಟಾಗಿದ್ದ ಭಾಗ. ಮೂವರೂ ಒಂದೇ ನೌಕೆಯಲ್ಲಿ ಇಳಿದು ಅದರಲ್ಲೇ ವಾಪಸ್ ಬರಬಹುದಿತ್ತು ಅಲ್ವಾ? ಒಬ್ಬರು ಮೇಲೆ ಸುತ್ತುತ್ತಿರುವುದು, ಇಬ್ಬರು ಬೇರೆ ನೌಕೆಯಲ್ಲಿ ಇಳಿದು, ಮತ್ತೆ ಏರಿ ಬಂದು ಜೋಡಿಕೊಳ್ಳುವುದು ಅಪಾಯದ ಕೆಲಸ. ನಾಸಾದಲ್ಲೂ ಹಲವರು ಮೊದಲು ಇದನ್ನು ಒಪ್ಪಲಿಲ್ಲ. ಇದರಿಂದ ತೂಕ ಉಳಿತಾಯವಾಗುತ್ತದೆ ಎಂದು ಜಾನ್ ಹೂಬೋಲ್ಟ್ ಎಂಬ ಎಂಜಿನಿಯರ್ ಪಟ್ಟು ಹಿಡಿದು ವಾದಿಸಿದರು. 1962ರಲ್ಲಿ ಈ ದಾರಿಯೇ ಆಯ್ಕೆಯಾಯಿತು.

ಆದರೆ ಎರಡೂ ನೌಕೆ ಭೂಮಿಯಿಂದ ಒಟ್ಟಿಗೇ ಹೊರಡುತ್ತವೆ. ಹಾಗಾದರೆ ತೂಕ ಉಳಿಯುವುದು ಎಲ್ಲಿ?

ಇಳಿಯುವಾಗ. ಚಂದ್ರನಲ್ಲಿ ಗಾಳಿ ಇಲ್ಲ, ಪ್ಯಾರಾಚೂಟ್ ನಡೆಯುವುದಿಲ್ಲ. ನೌಕೆ ಸೆಕೆಂಡಿಗೆ ಸುಮಾರು 1.6 ಕಿ.ಮೀ. ವೇಗದಲ್ಲಿ ಸುತ್ತುತ್ತಿರುತ್ತದೆ. ಅಷ್ಟೂ ವೇಗವನ್ನು ಎಂಜಿನ್ ಉರಿಸಿಯೇ ಕಳೆಯಬೇಕು. ಹೊರಡುವಾಗ ಅಷ್ಟನ್ನೂ ಮತ್ತೆ ಗಳಿಸಬೇಕು. ಏರಲು ಬೇಕಾದ ಇಂಧನವನ್ನೂ ಮೊದಲು ಕೆಳಗೆ ಇಳಿಸಬೇಕು, ಅದಕ್ಕೆ ಇನ್ನಷ್ಟು ಇಂಧನ. ಹೀಗೆ ಲೆಕ್ಕ ಹಾಕಿದರೆ, 1 ಟನ್ ಇಳಿಸಿ ಏರಿಸಲು ಸುಮಾರು ಎರಡೂವರೆ ಟನ್ ಇಂಧನ ಬೇಕು.

ಭೂಮಿಗೆ ಮರಳುವ ಕಮಾಂಡ್ ಮಾಡ್ಯೂಲ್ ಸುಮಾರು ಐದೂವರೆ ಟನ್. ಅದರ ಶಾಖ ಕವಚ, ಪ್ಯಾರಾಚೂಟ್ ಚಂದ್ರನ ನೆಲದ ಮೇಲೆ ಯಾವ ಉಪಯೋಗಕ್ಕೂ ಬರುವುದಿಲ್ಲ. ಅದನ್ನು ಸುಮ್ನೆ ಇಳಿಸಿ ಏರಿಸಲು ಸುಮಾರು 14 ಟನ್ ಇಂಧನ! ಅಪೊಲೊ 11ರ ಇಳಿಯುವ ನೌಕೆ ಇಂಧನವೂ ಸೇರಿ ಇದ್ದದ್ದೇ ಸುಮಾರು 15 ಟನ್. ಭೂಮಿಗೆ ಮರಳುವ ಇಂಧನವನ್ನೂ ಕೆಳಗೆ ಒಯ್ಯುವುದಾದರೆ ಅಪೊಲೊ ನೌಕೆಗಳನ್ನು ಚಂದ್ರನತ್ತ ಹಾರಿಸಿದ ಸ್ಯಾಟರ್ನ್ 5ಕ್ಕಿಂತ ದೊಡ್ಡ ರಾಕೆಟ್ ಬೇಕಾಗುತ್ತಿತ್ತು. ಅದನ್ನೆಲ್ಲ ಮೇಲೆಯೇ ಬಿಟ್ಟದ್ದರಿಂದ ಉಳಿತಾಯ.

ಇನ್ನೊಂದು ಲಾಭ 1970ರಲ್ಲಿ ಗೊತ್ತಾಯಿತು. ಅಪೊಲೊ 13ರಲ್ಲಿ ಆಮ್ಲಜನಕದ ಟ್ಯಾಂಕ್ ಸಿಡಿದಾಗ ಮೂವರೂ ಇಳಿಯುವ ನೌಕೆಯನ್ನೇ ಆಶ್ರಯ ಮಾಡಿಕೊಂಡರು. ಅದರ ಎಂಜಿನ್‌ನಿಂದಲೇ ದಾರಿ ಸರಿಪಡಿಸಿಕೊಂಡು ಬದುಕಿ ಬಂದರು. ಅಪೊಲೊ 8ರಲ್ಲಿ ಈ ಎರಡನೇ ನೌಕೆ ಇರಲಿಲ್ಲ, ಅದು ಆಗಿನ್ನೂ ಸಿದ್ಧವಾಗಿರಲಿಲ್ಲ.